ಹಿಂದೆ ನಿಂತವರು – 9: ಸಿಮೊನ್ ಕ್ಯಾರ್, ಮತ್ತ ನಮ್ಮೂರಿನ ಒಂದು ರಾತ್ರಿ

1
ಮೊದಲನೇ ಫೋಟೋದಾಗ ಏನೂ ಇಲ್ಲ ಅಂತ ಮುಂದೆ ಹೋಗಬೇಡ್ರಿ. ಎರಡು ಕಬ್ಬಿಣದ ಕಂಬ, ನಡುವೆ ಜೋತುಬಿದ್ದ ನೆಟ್ಟು, ಮಳೆಗೆ ಅರ್ಧ ಅಳಿಸಿಹೋದ ಸುಣ್ಣದ ಗೆರೆ. ಆಚೆ ಮೆಕ್ಕೆಜೋಳದ ಹೊಲ. ಊರು ಹೊಳಲು, ಹೂವಿನಹಡಗಲಿ ತಾಲೂಕು. ಜಿಲ್ಲೆ ಈಗ ವಿಜಯನಗರ. ನಮ್ಮಪ್ಪನ ಬಾಯಾಗ ಇನ್ನೂ ಬಳ್ಳಾರಿನ.

ಮೊದಲಿಂದ ಓದ್ತಿರೋರಿಗೆ ಗೊತ್ತು, ಈ ಸರಣಿಯಲ್ಲಿ ಗೋಲು ಹೊಡೆದವರ ಕಥೆ ಬರೋದಿಲ್ಲ. ಗೋಲು ತಡೆದವರದ್ದು ಬರುತ್ತೆ. ಬೆಂಗಳೂರು ಎಫ್‌ಸಿಯ ಜಾನ್ ಜಾನ್ಸನ್‌ನಿಂದ ಶುರು ಮಾಡಿ, ಹುವಾನನ್, ಮಾಲ್ದೀನಿ ಅಂತ ಎಂಟು ಪೋಸ್ಟ್ ಆಯ್ತು. "ಅಣ್ಣಾ, ಯಾಕ ಬರೇ ಡಿಫೆಂಡರ್‌ಗಳ ಬೆನ್ನು ಹತ್ತೀರಿ?" ಅಂತ ಕೇಳಿದವರು ಬಹಳ ಮಂದಿ. ಉತ್ತರ ಸಣ್ಣದು. ಈ ಫೋಟೋದಾಗಿನ ಕೋರ್ಟಿನಲ್ಲಿ ನಾನು ಹದಿನಾಲ್ಕು ವರ್ಷ ವಾಲಿಬಾಲ್ ಆಡೀನಿ, ಹದಿನಾಲ್ಕೂ ವರ್ಷ ಹಿಂದಿನ ಸಾಲಿನಾಗ. ಶೂಟರ್ ಹೊಡೆದ ಚೆಂಡಿಗೆ ಜನ ಸಿಳ್ಳೆ ಹಾಕ್ತಾರೆ. ನೆಲಕ್ಕೆ ಬಿದ್ದು, ಮೊಣಕೈ ಕೆತ್ತಿಸಿಕೊಂಡು ಎತ್ತಿದ ಚೆಂಡಿಗೆ "ಹ್ಞಾಂ, ಆತು ಆಡ್ರಿ" ಅಂತಾರೆ. ಹಂಗಾಗಿ ಟಿವಿಯಾಗ ಫುಟ್‌ಬಾಲ್ ಹಚ್ಚಿದ್ರೂ ನನ್ನ ಕಣ್ಣು ಹಿಂದ ನಿಂತವರ ಕಡೆಗೇ ಹೋಗುತ್ತೆ.

ಇವತ್ತಿನವನು ಡೆನ್ಮಾರ್ಕಿನ ಸಿಮೊನ್ ಕ್ಯಾರ್. ಇವನ ಬಗ್ಗೆ ಬರೀಬೇಕು ಅಂತ ಬಹಳ ದಿನದಿಂದ ಇತ್ತು. ಬರೆಯಾಕ ಕೂತಾಗೆಲ್ಲ ಕೈ ನಿಲ್ತಿತ್ತು. ಯಾಕಂತ ಐದನೇ ತುಂಡಿನಾಗ ಹೇಳ್ತೀನಿ. ಕ್ಯಾಪ್ಷನ್‌ಗೆ ಇಷ್ಟೇ ಅಕ್ಷರ ಅಂತ ಮಿತಿ ಐತಿ, ಅದಕ್ಕ ತುಂಡು ತುಂಡು. ತಾಳ್ಮೆ ಇರಲಿ.

2
ಹೆಸರು ಹೇಳೋದು ಮೊದಲನೇ ಕಷ್ಟ. ನಮ್ಮ ಕಾಮೆಂಟರಿಯವರು ಒಬ್ಬರು ಜೇರ್ ಅಂತಾರೆ, ಇನ್ನೊಬ್ಬರು ಕೇರ್. ಡೆನ್ಮಾರ್ಕಿನವರ ಬಾಯಲ್ಲಿ ಕ್ಯಾರ್‌ಗೆ ಹತ್ತಿರ, ಕೊನೆಯ ರ್ ಕೇಳಿದರೆ ಕೇಳಿತು, ಇಲ್ಲಾಂದ್ರ ಇಲ್ಲ. ನಾನು ಕ್ಯಾರ್ ಅಂತನೇ ಬರೀತೀನಿ.

ಹುಟ್ಟಿದ್ದು 1989ರ ಮಾರ್ಚ್ 26, ಹೋರ್ಸೆನ್ಸ್ ಅನ್ನೋ ಊರಲ್ಲಿ. 2004ರಲ್ಲಿ ಮಿಡ್‌ಟ್ಯುಲ್ಲಂಡ್ ಕ್ಲಬ್ಬು ಹುಡುಗರಿಗೆ ಅಂತ ಒಂದು ಅಕಾಡೆಮಿ ತೆಗೀತು. ಎಲ್ಲ ಸೀಟು ತುಂಬಿ ಒಂದು ಉಳೀತು. ಕ್ಯಾರ್‌ನ ಅಪ್ಪ ಅದೇ ಕ್ಲಬ್ಬಿನಲ್ಲಿ ಆಟಗಾರರ ಬಟ್ಟೆ, ಬೂಟು, ಸಾಮಾನು ನೋಡಿಕೊಳ್ಳೋ ಕೆಲಸದಲ್ಲಿದ್ದರು. ಹುಡುಗನಿಗೆ ಹದಿನೈದು ವರ್ಷ. ಉಳಿದ ಸೀಟಿಗೆ ಬೇರೆ ಯಾರೂ ಸಿಗದೆ ಇವನನ್ನ ತಗೊಂಡರು.

ಮುಂದಿನದ್ದು ಅಲ್ಲಿನ ಕೋಚ್ ಆಗಿದ್ದ ರಾಸ್ಮುಸ್ ಆಂಕರ್ಸನ್ ಹೇಳಿದ ಸಂಗತಿ. ಕೆಲವು ತಿಂಗಳಾದ ಮೇಲೆ ಕೋಚ್‌ಗಳಿಗೆಲ್ಲ ಒಂದು ಪ್ರಶ್ನೆ ಹಾಕಿದರು: ಇಷ್ಟು ಹುಡುಗರಲ್ಲಿ ಬಹಳ ದೂರ ಹೋಗೋರು ಯಾರು, ಐದು ಹೆಸರು ಬರೆದು ಚೀಟಿ ಮುಚ್ಚಿಡ್ರಿ. ಬರೆದರು. ಕೆಲವು ವರ್ಷದ ಮೇಲೆ ಕ್ಯಾರ್ ಇಟಲಿಗೆ ಹೋಗಿ ಹೆಸರು ಮಾಡಿದಾಗ ಆ ಚೀಟಿ ತೆಗೆದು ನೋಡಿದರೆ ಒಬ್ಬರ ಚೀಟಿಯಲ್ಲೂ ಅವನ ಹೆಸರಿಲ್ಲ. ಆಂಕರ್ಸನ್ ಬರೆದ ಚೀಟಿಯಲ್ಲೂ ಇರಲಿಲ್ಲ.

ಈ ಕಥೆ ನನಗೆ ಇಷ್ಟ. "ನೋಡ್ರಿ, ಯಾರೂ ನಂಬಲಿಲ್ಲ, ಆದರೂ ಗೆದ್ದ" ಅನ್ನೋ ಆ ಸ್ಟೇಟಸ್ ಮಾತಿಗೆ ಇಷ್ಟ ಅಲ್ಲ. ಕೋಚ್‌ಗಳು ದಡ್ಡರಾಗಿರಲಿಲ್ಲ. ಹದಿನೈದರ ಹುಡುಗನಲ್ಲಿ ಓಟ ಕಾಣುತ್ತೆ, ಡ್ರಿಬಲ್ ಕಾಣುತ್ತೆ. ಎಲ್ಲಿ ನಿಲ್ಲಬೇಕು ಅಂತ ಮೊದಲೇ ತಿಳಿಯೋ ಬುದ್ಧಿ ಮಾತ್ರ ಕಣ್ಣಿಗೆ ಬೀಳಲ್ಲ. ಅದು ಬೇಕಾದ ಗಳಿಗೆ ಬರೋತನಕ ಐತಿ ಅಂತ ಯಾರಿಗೂ ಗೊತ್ತಾಗಲ್ಲ.

3
ಕೆರಿಯರ್ ಪಟ್ಟಿ ಬೇಗ ಹೇಳಿಬಿಡ್ತೀನಿ. 2008ರಲ್ಲಿ ಇಟಲಿಯ ಪಲೆರ್ಮೊ. 2010ರಲ್ಲಿ ಜರ್ಮನಿಯ ವೋಲ್ಫ್ಸ್‌ಬರ್ಗ್. ನಡುವೆ ಒಂದು ವರ್ಷ ಸಾಲದ ಮೇಲೆ ರೋಮಾ. (ಸಾಲ ಅಂದ್ರ ನಮ್ಮಲ್ಲಿ ಎತ್ತು ಕೊಟ್ಟಂಗ. ಒಂದು ಹಂಗಾಮು ಉಳುಮೆಗೆ ಕೊಟ್ಟು ವಾಪಸ್ ಹೊಡ್ಕೊಂಡು ಬರೋದು.) 2013ಕ್ಕೆ ಫ್ರಾನ್ಸಿನ ಲಿಲ್, 2015ಕ್ಕೆ ಟರ್ಕಿಯ ಫೆನರ್ಬಾಚೆ, 2017ಕ್ಕೆ ಸ್ಪೇನಿನ ಸೆವಿಯ್ಯಾ. ಮತ್ತೆ ಸಾಲದ ಮೇಲೆ ಅಟಲಾಂಟಾ, ಅಲ್ಲಿ ಸರಿಹೋಗದೆ 2020ರ ಜನವರಿಯಲ್ಲಿ ಮಿಲಾನ್.

ಐದು ದೇಶ, ಎಂಟು ಕ್ಲಬ್ಬು. ಮಿಲಾನ್‌ಗೆ ಬಂದಾಗ ವಯಸ್ಸು ಮೂವತ್ತು ದಾಟಿತ್ತು, ಮುಗಿದ ಆಟಗಾರ ಅಂತ ಬರೆದವರೂ ಇದ್ದರು. ಅಲ್ಲಿ ನಿಂತ. 2021-22ರಲ್ಲಿ ಮಿಲಾನ್ ಹನ್ನೊಂದು ವರ್ಷದ ಮೇಲೆ ಲೀಗ್ ಗೆದ್ದಾಗ ತಂಡದಲ್ಲಿದ್ದ. ಆದರೆ ಆ ಡಿಸೆಂಬರ್‌ನಲ್ಲೇ ಜಿನೋವಾ ಮೇಲೆ ಆಡ್ತಾ ಮೊಣಕಾಲು ಕಳ್ಕೊಂಡು ಅರ್ಧ ವರ್ಷ ಹೊರಗೇ ಕೂತ. ದೇಶಕ್ಕೆ 132 ಪಂದ್ಯ. ವರ್ಷಗಟ್ಟಲೆ ಕ್ಯಾಪ್ಟನ್. 2025ರ ಜನವರಿಯಲ್ಲಿ ಸಾಕು ಅಂದ.

ಇಷ್ಟಾದರೂ ಜಗತ್ತಿಗೆ ಅವನು ನೆನಪಿರೋದು ಆಟಕ್ಕಲ್ಲ. ಒಂದು ಶನಿವಾರದ ರಾತ್ರಿ ಚೆಂಡು ಹತ್ತಿರ ಇಲ್ಲದಾಗ ಮಾಡಿದ ಕೆಲಸಕ್ಕೆ.

4
2021ರ ಜೂನ್ 12. ನೆನಪೈತೇನ್ರಿ ಆ ದಿನಗಳು? ಎರಡನೇ ಲಾಕ್‌ಡೌನ್. ಬೆಂಗಳೂರಿನಲ್ಲಿ ನನ್ನ ಕೆಲಸ ಹೋಗಿ ಊರಲ್ಲಿದ್ದೆ. ಮನೆಯೊಳಗೆ ನೆಟ್‌ವರ್ಕ್ ಸಿಗ್ತಿರಲಿಲ್ಲ, ಮಾಳಿಗೆ ಮೇಲೆ ಕೌದಿ ಹಾಸ್ಕೊಂಡು ಮೊಬೈಲ್‌ನಾಗ ಯೂರೋ ಕಪ್ ನೋಡ್ತಿದ್ದೆ. ಕೋಪನ್‌ಹೇಗನ್‌ನ ಪಾರ್ಕೆನ್ ಮೈದಾನ, ಡೆನ್ಮಾರ್ಕ್–ಫಿನ್ಲೆಂಡ್. ನಮಗೆ ರಾತ್ರಿ ಒಂಬತ್ತೂವರೆಗೆ ಶುರು.

43ನೇ ನಿಮಿಷದ ಹತ್ತಿರ ಒಂದು ಥ್ರೋ. ಕ್ರಿಸ್ಟಿಯನ್ ಎರಿಕ್ಸನ್ ಚೆಂಡಿನ ಕಡೆ ಎರಡು ಹೆಜ್ಜೆ ಇಟ್ಟು ಮುಂದಕ್ಕೆ ಬಿದ್ದ. ಯಾರೂ ತಳ್ಳಿರಲಿಲ್ಲ. ಬಿದ್ದ ರೀತಿ ನೋಡಿದ ಕೂಡಲೇ ನನಗೆ ಗೊತ್ತಾತು. ಹೆಂಗ ಗೊತ್ತಾತು ಅಂತ ಆಮೇಲೆ.

ರೆಫರಿ ಆ್ಯಂಟನಿ ಟೇಲರ್ ಆ ಕ್ಷಣಕ್ಕೇ ಆಟ ನಿಲ್ಲಿಸಿ ಡಾಕ್ಟರ್‌ಗಳನ್ನ ಕರೆದರು. ಕ್ಯಾರ್ ಓಡಿಬಂದ. ಬಿದ್ದವನನ್ನ ಸರಿಯಾಗಿ ಮಲಗಿಸಿ ಉಸಿರಿನ ದಾರಿ ಮುಚ್ಚದಂಗ ನೋಡಿಕೊಂಡ. ಇಲ್ಲಿ ಒಂದು ಮಾತು: ಕ್ಯಾರ್ ಎದೆ ಒತ್ತಿ ಜೀವ ಉಳಿಸಿದ ಅಂತ ಬಹಳ ಕಡೆ ಬರೆದಿರೋದು ಓದೀನಿ, ಅದು ತಪ್ಪು. ತಂಡದ ಡಾಕ್ಟರ್ ಬಂದಾಗ ನಾಡಿ ಇತ್ತು, ಆಮೇಲೆ ನಿಂತಿತು. ಎದೆ ಒತ್ತಿದ್ದು ವೈದ್ಯರ ತಂಡ, ಹೃದಯಕ್ಕೆ ಶಾಕ್ ಕೊಟ್ಟಿದ್ದೂ ಅವರೇ, ಒಂದೇ ಶಾಕ್‌ಗೆ ಮರಳಿ ಬಂದ. ಕ್ಯಾರ್ ಮಾಡಿದ್ದು ಅವರು ಬರೋತನಕದ ಕೆಲಸ, ಮತ್ತೆ ಬಂದಮೇಲಿನ ಕೆಲಸ.

ಬಂದಮೇಲೆ ಏನು ಮಾಡಿದ? ತನ್ನ ಹುಡುಗರನ್ನೆಲ್ಲ ಕರೆದು ಸುತ್ತ ಗೋಡೆ ಕಟ್ಟಿಸಿದ. ಬಿದ್ದವನಿಗೆ ಬೆನ್ನು ಕೊಟ್ಟು, ಮುಖ ಹೊರಗೆ. ಕ್ಯಾಮೆರಾಕ್ಕೆ, ಸಾವಿರಾರು ಜನಕ್ಕೆ ಒಳಗಿಂದು ಕಾಣಬಾರದು ಅಂತ. ಒಬ್ಬೊಬ್ಬರ ಕಣ್ಣಲ್ಲೂ ನೀರು, ಆದರೂ ಜಾಗ ಬಿಡಲಿಲ್ಲ. ಎರಿಕ್ಸನ್‌ನ ಸಂಗಾತಿ ಮೈದಾನದ ಅಂಚಿಗೆ ಬಂದಾಗ ಕ್ಯಾರ್ ಮತ್ತು ಗೋಲ್‌ಕೀಪರ್ ಕ್ಯಾಸ್ಪರ್ ಶ್ಮೈಕೆಲ್ ಹೋಗಿ ಆಕೆಯನ್ನ ಹಿಡಕೊಂಡು ನಿಂತರು.

ನಮ್ಮೂರ ಅನಂತಶಯನ ದೇವರ ಕಥೆ ಈ ಕಡೆಯವರಿಗೆ ಗೊತ್ತಿರುತ್ತೆ. ಹೊಸಪೇಟೆ ಹತ್ತಿರ ಕೃಷ್ಣದೇವರಾಯ ದೊಡ್ಡ ಗುಡಿ ಕಟ್ಟಿಸಿ ಹೊಳಲಿನ ದೇವರನ್ನ ಕರೆದನಂತೆ. ಬರ್ತೀನಿ, ನೀ ಮುಂದೆ ನಡಿ, ಹಿಂದೆ ತಿರುಗಿ ನೋಡಬಾರದು ಅಂದನಂತೆ ದೇವರು. ರಾಜ ತಿರುಗಿ ನೋಡಿದ. ದೇವರು ಹೊಳಲಿನಲ್ಲೇ ಉಳಿದ, ಅಲ್ಲಿ ಅನಂತಶಯನಗುಡಿ ಖಾಲಿ. ಆ ಹನ್ನೆರಡು ನಿಮಿಷವೋ ಹದಿನೈದೋ, ಡೆನ್ಮಾರ್ಕಿನ ಹುಡುಗರು ತಿರುಗದೆ ನಿಂತಿದ್ದನ್ನ ನೋಡುವಾಗ ನನಗೆ ಯಾಕೋ ಈ ಕಥೆನೇ ತಲೆಗೆ ಬಂತು. ತಿರುಗಿ ನೋಡಬೇಕು ಅನ್ನಿಸೋದು ಎಷ್ಟು ಸಹಜ, ನೋಡದೆ ನಿಲ್ಲೋದು ಎಷ್ಟು ಕಷ್ಟ.

ಟಿವಿಯವರ ಕ್ಯಾಮೆರಾ ಮಾತ್ರ ಬಹಳ ಹೊತ್ತು ಅಲ್ಲೇ ಇತ್ತು. ಆಮೇಲೆ ಅದಕ್ಕೆ ಜನ ಛೀಮಾರಿನೂ ಹಾಕಿದರು. ನಾನು ಮೊಬೈಲ್ ಕೌದಿ ಮೇಲೆ ಬೋರಲು ಹಾಕಿದೆ.

5
ಈಗ ನಮ್ಮೂರಿನ ರಾತ್ರಿ.

2018ರ ಮೇ. ಬೆಂಗಳೂರಿಂದ ರಜೆ ಹಾಕಿ ಬಂದಿದ್ದೆ. ಪಕ್ಕದ ಊರಲ್ಲಿ ಹೊನಲು ಬೆಳಕಿನ ವಾಲಿಬಾಲ್ ಪಂದ್ಯಾವಳಿ. ಬ್ಯಾನರು, ಮೈಕು, ಎರಡು ಕಡೆ ಫೋಕಸ್ ಲೈಟು, ಒಗ್ಗರಣೆ ಮಂಡಕ್ಕಿ ಮಿರ್ಚಿ ಅಂಗಡಿ. ನಮ್ಮ ತಂಡದ ಶೂಟರ್ ನನ್ನ ದೋಸ್ತ. ಹೆಸರು ಬರೆಯಲ್ಲ. ಒಂದೇ ಶಾಲೆ, ಒಂದೇ ಬೆಂಚು. ಅವನು ಟ್ರ್ಯಾಕ್ಟರ್ ಹೊಡೀತಿದ್ದ, ಮೂರು ಎಕರೆ ಹೊಲ ಮಾಡ್ತಿದ್ದ. ಮೂವತ್ತೊಂದು ವರ್ಷ. ಬೀಡಿ ಸಿಗರೇಟು ಏನೂ ಇಲ್ಲ. ಎಲೆಅಡಿಕೆ ಒಂದು.

ಎರಡನೇ ಸೆಟ್ ಮುಗಿಸಿ ಬಂದು ಎಡಗೈ ತಿಕ್ಕಿಕೊಂಡ. "ಎದಿಯಾಗ ಹಿಡದಂಗ ಆಗೈತಿ, ಗ್ಯಾಸ್ ಇರಬೇಕಲೇ" ಅಂದ. ಸೋಡಾ ಕುಡಿದ. ನಾನು ನಕ್ಕೆ, "ಮಿರ್ಚಿ ಕಡಿಮಿ ತಿನ್ನು" ಅಂದೆ. ಈ ಮಾತನ್ನ ನಾನು ಎಷ್ಟು ಸಲ ವಾಪಸ್ ತಗೊಂಡೀನಿ ಅಂತ ನಿಮಗೆ ಹೇಳಾಕ ಬರಂಗಿಲ್ಲ.

ಮೂರನೇ ಸೆಟ್‌ಗೆ ನನ್ನನ್ನ ಕೂರಿಸಿ ಹೊಸ ಹುಡುಗನನ್ನ ಇಳಿಸಿದರು. ನಾನು ಮೊಬೈಲ್ ತೆಗೆದು ಪಂದ್ಯ ರೆಕಾರ್ಡ್ ಮಾಡ್ತಾ ನಿಂತೆ. ಅವನು ಒಂದು ಚೆಂಡು ಹೊಡೆದ, ಪಾಯಿಂಟ್ ಬಂತು, ನನ್ನ ಕಡೆ ತಿರುಗಿ ನಕ್ಕ. ಮುಂದಿನ ಸರ್ವಿಸ್‌ಗೆ ಚೆಂಡು ಬರೋದರೊಳಗೆ ಬಿದ್ದ. ಎರಿಕ್ಸನ್ ಬಿದ್ದಂಗೇ. ಕೈ ಮುಂದೆ ಬರಲಿಲ್ಲ.

ಜನ ಓಡಿಬಂದು ಮುತ್ತಿದರು. ಎಲ್ಲರ ಮುಖ ಒಳಗೆ. ಕೈಕಾಲು ಅದುರಿದ್ದು ನೋಡಿ ಒಬ್ಬರು "ಪಿಟ್ಸ್ ಬಂದೈತಿ, ಕೈಯಾಗ ಕಬ್ಬಿಣ ಕೊಡ್ರಲೇ" ಅಂದರು. ಬೈಕ್ ಚಾವಿ ಕೊಟ್ಟರು. ಒಬ್ಬರು ಉಳ್ಳಾಗಡ್ಡಿ ಜಜ್ಜಿ ಮೂಗಿಗೆ ಹಿಡಿದರು. ಒಬ್ಬರು ಬಾಯಿಗೆ ನೀರು ಬಿಟ್ಟರು. ಮೈಕಿನವನು "ದಯವಿಟ್ಟು ಎಲ್ಲರೂ ದೂರ ಸರಿಯಿರಿ" ಅಂತಾನೇ ಇದ್ದ, ಯಾರೂ ಸರೀಲಿಲ್ಲ. 108ಕ್ಕೆ ಯಾರಾದರೂ ಮಾಡಿರ್ತಾರೆ ಅಂತ ಎಲ್ಲರೂ ಅಂದ್ಕೊಂಡು, ಎಷ್ಟೋ ಹೊತ್ತಿನ ಮೇಲೆ ಒಬ್ಬ ಹುಡುಗ ಮಾಡಿದ. ಅಷ್ಟರೊಳಗೆ ಯಾರದೋ ಕ್ರೂಸರ್‌ನಾಗ ಎತ್ತಿ ಹಾಕಿದ್ವಿ.

ದವಾಖಾನೆ ಮುಟ್ಟೋದರೊಳಗೆ ಮುಗಿದಿತ್ತು.

6
ಇಷ್ಟೇ ಆಗಿದ್ದರೆ ಇದನ್ನ ಆವತ್ತೇ ಬರೀತಿದ್ದೆ. ಗೊತ್ತಿರಲಿಲ್ಲ, ಯಾರಿಗೂ ಗೊತ್ತಿರಲಿಲ್ಲ ಅಂತ ನಾಲ್ಕು ಸಾಲು ಬರೆದು ಕೈ ತೊಳಕೊಳ್ತಿದ್ದೆ.

ನನ್ನ ಮೊಬೈಲ್ ಆಫ್ ಆಗಿರಲಿಲ್ಲ. ಅವನು ಬಿದ್ದ ಮೇಲೂ ರೆಕಾರ್ಡ್ ನಡೆದಿತ್ತು. ಬೇಕಂತ ಮಾಡಲಿಲ್ಲ. ಹಂಗಂತ ನಿಲ್ಲಿಸಲೂ ಇಲ್ಲ. ಕೈ ಎತ್ತಿ ಹಿಡಕೊಂಡೇ ಜನರ ಒಳಗೆ ನುಗ್ಗೀನಿ. ಆಮೇಲೆ ಕ್ರೂಸರ್ ಹಿಂದೆ ಬೈಕ್ ಹತ್ತೋ ಮೊದಲು ನಮ್ಮ ತಂಡದ ವಾಟ್ಸ್ಯಾಪ್ ಗ್ರೂಪಿಗೆ ಆ ವಿಡಿಯೋ ಹಾಕಿದೆ. ಊರಲ್ಲಿದ್ದವರಿಗೆ ತಿಳೀಲಿ, ಯಾರಾದರೂ ದವಾಖಾನೆಗೆ ಬರಲಿ ಅಂತ. ಆ ಹೊತ್ತಿಗೆ ನನಗೆ ಅದು ಸಹಾಯ ಅನ್ನಿಸಿತ್ತು.

ಗ್ರೂಪಿಂದ ಗ್ರೂಪಿಗೆ ಹೋಯ್ತು. ಅರ್ಧ ತಾಸಿನೊಳಗೆ ಅವನ ಹೆಂಡತಿಯ ಮೊಬೈಲಿಗೆ ಬಂತು. ಹೆಣ ಊರಿಗೆ ಬಂದಿದ್ದು ಮರುದಿನ.

ಯಾರು ತೆಗೆದದ್ದು ಅಂತ ಊರಲ್ಲಿ ಬಹಳ ಮಾತಾತು. ಬೈದರು, ಶಾಪ ಹಾಕಿದರು. ಅದನ್ನ ಕೇಳ್ತಾ ನಾನೂ ಕಟ್ಟೆ ಮೇಲೆ ಕೂತಿದ್ದೆ. ಒಂದೆರಡು ಸಲ ತಲೆನೂ ಅಲ್ಲಾಡಿಸೀನಿ, "ಥೂ, ಎಂಥಾ ಮಂದಿ" ಅಂತ.

ಮೂರು ವರ್ಷ ಹಂಗೇ ಹೋತು. ಆಮೇಲೆ ಮಾಳಿಗೆ ಮೇಲೆ ಆ ಶನಿವಾರ. ಮೊಬೈಲ್ ಬೋರಲು ಹಾಕಿದ್ನೆಲ್ಲ, ಕಾಮೆಂಟರಿ ದನಿ ಕೆಳಗಿಂದ ಬರ್ತಾನೇ ಇತ್ತು. ಬದುಕಿದಾನ, ಎಚ್ಚರ ಐತಿ ಅಂತ ಸುದ್ದಿ ಬರೋತನಕ ತೆಗೀಲಿಲ್ಲ. ಮಧ್ಯರಾತ್ರಿ ಹನ್ನೆರಡಕ್ಕೆ ಪಂದ್ಯ ಮತ್ತೆ ಶುರು ಮಾಡಿದರು. ಫಿನ್ಲೆಂಡ್ 1–0 ಗೆದ್ದಿತು. ಕ್ಯಾರ್‌ಗೆ ಪೂರ್ತಿ ಆಡಾಕ ಆಗಲಿಲ್ಲ, 63ನೇ ನಿಮಿಷಕ್ಕೆ ಹೊರಗೆ ಬಂದ. ಆ ಗಂಟೆಯಲ್ಲಿ ಎಲ್ಲರನ್ನೂ ಹಿಡಿದು ನಿಲ್ಲಿಸಿದವನಿಗೆ ಆಮೇಲೆ ತನ್ನ ಕಾಲೇ ನಿಲ್ಲಲಿಲ್ಲ.

7
ಆಮೇಲೆ ನಾನು ಓದಾಕ ಹತ್ತಿದೆ. ಇದು ದೂರದ ದೇಶದ ಸಂಗತಿ ಅಂತ ನೀವು ಅಂದ್ಕೊಬಾರದು, ಅದಕ್ಕೆ ಎರಡು ಹೇಳ್ತೀನಿ.

2004ರ ಡಿಸೆಂಬರ್ 5, ಬೆಂಗಳೂರು ಕಂಠೀರವ ಕ್ರೀಡಾಂಗಣ. ಫೆಡರೇಷನ್ ಕಪ್ ಫೈನಲ್, ಡೆಂಪೊ–ಮೋಹನ್ ಬಾಗಾನ್. ಬ್ರೆಜಿಲ್‌ನ ಕ್ರಿಸ್ಟಿಯಾನೊ ಜೂನಿಯರ್ ಡೆಂಪೊ ಪರ ಎರಡನೇ ಗೋಲು ಹೊಡೀತಾ ಎದುರಿನ ಗೋಲ್‌ಕೀಪರ್‌ಗೆ ಡಿಕ್ಕಿಯಾಗಿ ಬಿದ್ದ, ಏಳಲಿಲ್ಲ. 25 ವರ್ಷ. ಡೆಂಪೊ 2–0 ಗೆದ್ದಿತು. ಅವನ 10ನೇ ನಂಬರ್ ಅಂಗಿಯನ್ನ ಕ್ಲಬ್ಬು ಆಮೇಲೆ ಯಾರಿಗೂ ಕೊಡಲಿಲ್ಲ. ನಾನು ಬಿಎಫ್‌ಸಿ ಪಂದ್ಯಕ್ಕೆ ಹೋಗಿ ಕುಣಿದು ಕೂಗಿದ ಅದೇ ಮೈದಾನ. ಅಷ್ಟು ವರ್ಷ ಹೋದರೂ ಈ ಸಂಗತಿ ನನಗೆ ಗೊತ್ತಿರಲಿಲ್ಲ.

2012ರ ಮಾರ್ಚ್ 17, ಲಂಡನ್. ಬೋಲ್ಟನ್ ತಂಡದ ಫ್ಯಾಬ್ರಿಸ್ ಮುಆಂಬಾ ಆಟದ ನಡುವೆ ಕುಸಿದ. ಪ್ರೇಕ್ಷಕರ ನಡುವೆ ಕೂತಿದ್ದ ಒಬ್ಬ ಹೃದಯದ ಡಾಕ್ಟರ್ ಇಳಿದು ಓಡಿಬಂದರು. ಹೃದಯ 78 ನಿಮಿಷ ತಾನಾಗಿ ಬಡಿಯಲಿಲ್ಲ. ಅಷ್ಟು ಹೊತ್ತೂ ಯಾರಾದರೊಬ್ಬರು ಎದೆ ಒತ್ತುತ್ತಲೇ ಇದ್ದರು. ಬದುಕಿದ.

ಬರೋಬ್ಬರಿ ನಾಲ್ಕು ದಿನಕ್ಕೆ, ಮಾರ್ಚ್ 21, ಬೆಂಗಳೂರು ಫುಟ್‌ಬಾಲ್ ಸ್ಟೇಡಿಯಂ. ಜಿಲ್ಲಾ ಲೀಗ್ ಪಂದ್ಯ. ಬೆಂಗಳೂರು ಮಾರ್ಸ್ ತಂಡದ ಡಿ. ವೆಂಕಟೇಶ್, 27 ವರ್ಷ, ಬದಲಿ ಆಟಗಾರನಾಗಿ ಇಳಿದಿದ್ದ, ಕೊನೆಯ ನಿಮಿಷಗಳಲ್ಲಿ ಕುಸಿದ. ಆ್ಯಂಬುಲೆನ್ಸ್ ಇರಲಿಲ್ಲ. ಜೊತೆಗಾರರು ಆಟೋದಾಗ ಹಾಕ್ಕೊಂಡು ಹೋದರು. ಉಳೀಲಿಲ್ಲ.

ಆಟೋ ಅಂತ ಓದಿದಾಗ ನಮ್ಮ ಕ್ರೂಸರ್ ಕಣ್ಣ ಮುಂದೆ ಬಂತು.

8
ಸ್ವಲ್ಪ ಮಾಸ್ತರಿಕೆ ಮಾಡ್ತೀನಿ, ಸಹಿಸ್ಕೊಳ್ರಿ. ನನಗೆ ಇದನ್ನ ಕಲಿಸಿದ್ದು ನಮ್ಮ ಕಡೆಯ ಒಬ್ಬ ನರ್ಸಕ್ಕ. ಗೊಂಬೆ ಇಲ್ಲ ಅಂತ ಅರ್ಧ ತುಂಬಿದ ಜೋಳದ ಚೀಲದ ಮೇಲೆ ಕಲಿಸಿದರು.

ಬಿದ್ದವನನ್ನ ಭುಜ ತಟ್ಟಿ ಕೂಗಬೇಕು. ಎಚ್ಚರ ಇಲ್ಲ, ಸರಿಯಾದ ಉಸಿರಿಲ್ಲ ಅಂದ್ರ ಒಬ್ಬರ ಕಡೆ ಬೆರಳು ತೋರಿಸಿ "ನೀ 108ಕ್ಕ ಮಾಡು" ಅನ್ನಬೇಕು. ಯಾರಾದರೂ ಮಾಡ್ರಿ ಅಂದ್ರ ಯಾರೂ ಮಾಡಲ್ಲ. ಗಟ್ಟಿ ನೆಲದ ಮೇಲೆ ಅಂಗಾತ ಹಾಕಿ, ಎದೆಯ ನಡುವೆ ಅಂಗೈ ಬುಡ ಇಟ್ಟು, ಮೇಲೆ ಇನ್ನೊಂದು ಕೈ ಇಟ್ಟು, ಮೊಣಕೈ ಬಗ್ಗಿಸದೆ ಐದರಿಂದ ಆರು ಸೆಂಟಿಮೀಟರ್ ಒಳಗೆ ಹೋಗುವಂಗ ಒತ್ತಬೇಕು. ನಿಮಿಷಕ್ಕೆ 100ರಿಂದ 120 ಸಲ. ಪ್ರತಿ ಸಲ ಎದೆ ಪೂರ್ತಿ ಮೇಲೆ ಬರಾಕ ಬಿಡಬೇಕು. ಎರಡು ನಿಮಿಷಕ್ಕೆ ರಟ್ಟೆ ಸೋಲುತ್ತೆ, ಆಗ ಇನ್ನೊಬ್ಬರು. ಸುಮ್ಮನೆ ನಿಂತ ಒಂದೊಂದು ನಿಮಿಷಕ್ಕೆ ಬದುಕೋ ಸಂಭವ ನೂರಕ್ಕೆ ಏಳರಿಂದ ಹತ್ತರಷ್ಟು ಇಳೀತಾ ಹೋಗುತ್ತೆ. ಬಾಯಿಗೆ ನೀರು ಬೇಡ. ನಾಲಗೆ ನುಂಗ್ತಾನ ಅಂತ ಬೆರಳು ಹಾಕೋದು ಬೇಡ. ಚಾವಿ, ಉಳ್ಳಾಗಡ್ಡಿ ಯಾವುದೂ ಬೇಡ.

ಕೊನೆಗೆ ಅಕ್ಕ ಒಂದು ಮಾತು ಹೇಳಿದರು. ಹೃದಯ ನಿಂತ ಮೇಲೂ ಕೆಲವರಿಗೆ ಒಂದೆರಡು ನಿಮಿಷ ಗೊರಕೆ ಹೊಡೆದಂಗ, ಮೀನು ಬಾಯಿ ತೆಗೆದಂಗ ಉಸಿರು ಬರುತ್ತೆ. ಕೈಕಾಲು ಅದುರುತ್ತೆ. ಮಂದಿ ಅದನ್ನ ನೋಡಿ ಉಸಿರಾಡಾಕತ್ತಾನ, ಪಿಟ್ಸ್ ಐತಿ ಅಂತ ಸುಮ್ಮನಿರ್ತಾರೆ. ಅದು ಉಸಿರಲ್ಲ, ತಮ್ಮಾ. ಆಗಲೇ ಎದೆ ಒತ್ತಬೇಕು.

ನಾನು ಚೀಲದ ಮೇಲಿಂದ ಕೈ ತೆಗೆದೆ. ಆ ವಿಡಿಯೋದಾಗ ಆ ಗೊರಕೆ ಐತಿ. ಅದರ ಮೇಲೆ ನನ್ನ ದನಿ ಐತಿ: "ಉಸಿರೈತಿ, ಉಸಿರೈತಿ, ಏನಾಗಂಗಿಲ್ಲ."

ಅದೇ ವರ್ಷ ಅಕ್ಟೋಬರ್ 29ಕ್ಕೆ ಅಪ್ಪು ಹೋದರು. 46 ವರ್ಷ. ಆವತ್ತು ನಮ್ಮೂರಲ್ಲಿ ಅಳದೆ ಇದ್ದ ಮನೆ ಇಲ್ಲ. ಈಗ ಅವರ ಹೆಸರಿನ ಹೃದಯ ಜ್ಯೋತಿ ಯೋಜನೆಯಲ್ಲಿ ತಾಲೂಕು ಆಸ್ಪತ್ರೆಗಳಿಗೂ ಹೆಪ್ಪು ಕರಗಿಸೋ ಇಂಜೆಕ್ಷನ್ ಬಂದೈತಿ. ಟೆನೆಕ್ಟಿಪ್ಲೇಸ್ ಅಂತ ಅದರ ಹೆಸರು. ಒಳ್ಳೇದೇ. ಆದರೆ ಕೋರ್ಟಿನಿಂದ ತಾಲೂಕು ಆಸ್ಪತ್ರೆವರೆಗಿನ ದಾರಿ ನಮ್ಮ ಕೈಯಾಗ ಐತಿ.

9
ನರ್ಸಕ್ಕನ ವಿಷಯ ಬರೀತಾ ಸ್ವಲ್ಪ ಮುಂದೆ ಹೋದೆ. ವಾಪಸ್ 2021ರ ಜುಲೈಗೆ ಬರ್ರಿ.

ಎರಿಕ್ಸನ್ ಇಲ್ಲದ ಡೆನ್ಮಾರ್ಕ್ ಬೆಲ್ಜಿಯಂಗೆ ಸೋತು, ರಷ್ಯಾಕ್ಕೆ ನಾಲ್ಕು, ವೇಲ್ಸ್‌ಗೆ ನಾಲ್ಕು ಹೊಡೆದು, ಚೆಕ್‌ನವರನ್ನೂ ದಾಟಿ ಸೆಮಿಫೈನಲ್‌ಗೆ ಬಂತು. ವೆಂಬ್ಲಿಯಲ್ಲಿ ಇಂಗ್ಲೆಂಡ್ ಎದುರು. ನಮಗೆ ಜುಲೈ 8ರ ನಸುಕು, ಹನ್ನೆರಡೂವರೆ. ಡಾಮ್ಸ್‌ಗಾರ್ಡ್‌ನ ಫ್ರೀಕಿಕ್ ಮೂವತ್ತನೇ ನಿಮಿಷಕ್ಕೆ ಒಳಗೆ. ಮಾಳಿಗೆ ಮೇಲೆ ಒಬ್ಬನೇ ಎದ್ದು ಕುಣಿದೆ. 39ನೇ ನಿಮಿಷಕ್ಕೆ ಸಾಕಾ ಬಲಗಡೆಯಿಂದ ಚೆಂಡು ಒಳಗೆ ತಳ್ಳಿದ. ಹಿಂದೆ ಸ್ಟರ್ಲಿಂಗ್ ಕಾಯ್ತಿದ್ದ. ಕ್ಯಾರ್ ತಡೀಲಿಕ್ಕೆ ಜಾರಿದ, ಕಾಲಿಗೆ ತಾಗಿ ತನ್ನದೇ ಗೋಲಿಗೆ ಹೋಯ್ತು. ಇಂಗ್ಲೆಂಡ್ ಕೊನೆಗೆ 2–1.

ಅವನು ಜಾರದೆ ಇದ್ದಿದ್ದರೂ ಸ್ಟರ್ಲಿಂಗ್ ಹೊಡೀತಿದ್ದ. ಅದು ಎಲ್ಲರಿಗೂ ಗೊತ್ತು. ಆದರೂ ದಾಖಲೆಯಲ್ಲಿ ಗೋಲಿನ ಮುಂದೆ ಬರೆದಿರೋದು ಕ್ಯಾರ್ ಹೆಸರು. ಆ ಆಗಸ್ಟ್‌ನಲ್ಲಿ ಯುಇಎಫ್‌ಎ ಅಧ್ಯಕ್ಷರ ಪ್ರಶಸ್ತಿ ಅವನಿಗೂ ಎರಿಕ್ಸನ್‌ನ ಉಳಿಸಿದ ವೈದ್ಯರ ತಂಡಕ್ಕೂ ಬಂತು. ಎರಡೂ ಅದೇ ಬೇಸಿಗೆಯದ್ದು, ಎರಡೂ ಅವನ ಹೆಸರಲ್ಲೇ ಅವ.

ಮರುದಿನ ಸಂಜೆ ನಾನು ದೋಸ್ತನ ಮನೆಗೆ ಹೋದೆ.

10
ಅವನ ಹೆಂಡತಿ ಅಂಗಳದಾಗ ಶೇಂಗಾ ಬೀಜ ಆರಿಸ್ತಿದ್ದಳು. ನನಗೆ ತಂಗಿ ಸಮಾನ. "ಬಾ ಅಣ್ಣಾ, ಕುಂದ್ರು" ಅಂದು ಚಾ ಇಟ್ಟಳು. ಮಗ ಆಗ ಆರು ವರ್ಷದವ, ಟಿವಿ ಮುಂದೆ ಕೂತಿದ್ದ. ನಾನು ಬಹಳ ಹೊತ್ತು ಮಳೆ ಬಗ್ಗೆ, ಗೊಬ್ಬರದ ರೇಟಿನ ಬಗ್ಗೆ ಮಾತಾಡಿದೆ. ಚಾ ಆರಿತು.

"ತಂಗೀ, ಆವತ್ತಿನ ವಿಡಿಯೋ ಐತಲ್ಲ. ಅದು ನಂದು. ನಾನ ತೆಗದದ್ದು, ನಾನ ಕಳಿಸಿದ್ದು."

ಆಕಿ ಕೈ ನಿಲ್ಲಿಸಲಿಲ್ಲ. ಕಾಳು ಒಂದು ಕಡೆ, ಪೊಟ್ಟು ಒಂದು ಕಡೆ.

"ಗೊತ್ತಿತ್ತಣ್ಣಾ. ನಿನ್ನ ದನಿ ಐತಲ್ಲ ಅದರಾಗ."

ಮೂರು ವರ್ಷ! ಎಷ್ಟು ಸಲ ಎದುರಿಗೆ ಬಂದೀನಿ, ಎಷ್ಟು ಸಲ ಈ ಮನೆಯಾಗ ಉಂಡೀನಿ. ನನಗೆ ಬಾಯಿ ಬರಲಿಲ್ಲ.

"ಉಸಿರೈತಿ, ಏನಾಗಂಗಿಲ್ಲ ಅಂತ ಅಂದೀಯಲ್ಲ. ಅದನ್ನ ಕೇಳ್ಕೊಂತನ ಗಾಡ್ಯಾಗ ಹೋದೆ ನಾನು ದವಾಖಾನಿಗೆ. ನೀ ಅಂದೀ ಅಂದ್ರ ಇರಬೇಕು ಅಂತ. ದಾರಿ ಉದ್ದಕ್ಕೂ ಹಚ್ಚಿ ಹಚ್ಚಿ ಕೇಳಿದೆ."

ಇದಕ್ಕೆ ಏನು ಹೇಳಬೇಕು, ನೀವೇ ಹೇಳ್ರಿ. ಬೈದಿದ್ದರೆ ತಡಕೊಳ್ತಿದ್ದೆ. ತಲೆ ಬಗ್ಗಿಸಿ ಕೂತೆ. ತಪ್ಪಾತು ಅಂದೆ. ಆಕಿ ಹ್ಞೂಂ ಅನ್ನಲಿಲ್ಲ, ಉಹ್ಞೂಂ ಅನ್ನಲಿಲ್ಲ. ಸ್ವಲ್ಪ ಹೊತ್ತಿನ ಮೇಲೆ ಕೇಳಿದಳು:

"ಮಂದೀಗೆ ಬಂದದ್ದು ಸಣ್ಣದು. ನಿನ್ನ ಹತ್ರ ಪೂರ್ತಿ ಐತೇನು? ಬೀಳೂಕಿಂತ ಮೊದಲಿಂದು?"

ಇತ್ತು. ಗ್ರೂಪಿಗೆ ದೊಡ್ಡ ಫೈಲ್ ಹೋಗಲ್ಲ ಅಂತ ಕೊನೆಯದಷ್ಟೇ ಕತ್ತರಿಸಿ ಕಳಿಸಿದ್ದೆ. ಅಷ್ಟು ಬುದ್ಧಿ ಆವತ್ತು ಕೆಲಸ ಮಾಡಿತ್ತು ನೋಡ್ರಿ. ಹಳೆ ಮೊಬೈಲ್ ಟ್ರಂಕಿನಾಗ ಇತ್ತು, ಸ್ಕ್ರೀನ್ ಒಡೆದಿತ್ತು, ನಾನು ಎಸೆದಿರಲಿಲ್ಲ.

"ಆಟದ್ದಷ್ಟ ಕೊಡು. ಹುಡುಗ ಅಪ್ಪ ಹೆಂಗ ಆಡ್ತಿದ್ದ ಅಂತ ಕೇಳ್ತಾನ."

ಹರಪನಹಳ್ಳಿಗೆ ಹೋಗಿ ಮೊಬೈಲ್ ಅಂಗಡಿಯಾಗ ಸ್ಕ್ರೀನ್ ಹಾಕಿಸಿ ತೆಗೆದೆ. ನಾಲ್ಕು ನಿಮಿಷ ಹತ್ತು ಸೆಕೆಂಡಿಗೆ ಕತ್ತರಿಸಿದೆ. ಅವನು ಚೆಂಡು ಹೊಡೆದು, ನನ್ನ ಕಡೆ ತಿರುಗಿ ನಗೋದರ ತನಕ. ಆಮೇಲಿಂದು ಅಳಿಸಿದೆ. ಎರಡನೇ ಫೋಟೋ ಅದರದ್ದೇ ಒಂದು ಚೌಕಟ್ಟು. ಮುಖ ಕಾಣಲ್ಲ, ನೆಟ್ಟಿನ ಮೇಲೆ ಎತ್ತಿದ ಕೈ ಅಷ್ಟೇ. ತಂಗಿಯನ್ನ ಕೇಳಿ ಹಾಕೀನಿ. ಈ ಪೋಸ್ಟನ್ನೂ ಆಕೆಗೆ ಓದಿ ಹೇಳಿದ ಮೇಲೇ ಹಾಕ್ತಿರೋದು. ಒಂದೇ ಒಂದು ತಿದ್ದಿದಳು. ಹೊಲ ಎರಡೂವರೆ ಎಕರೆ ಅಂತ ಬರೆದಿದ್ದೆ, ಮೂರು ಅಂದಳು.

11
ಕೊನೆಯ ಫೋಟೋ ಈ ವರ್ಷದ್ದು, ನಮ್ಮೂರ ಪಂದ್ಯಾವಳಿ. ಬ್ಯಾನರಿನಾಗ ಬಹುಮಾನದ ಕೆಳಗೆ ಸಣ್ಣ ಅಕ್ಷರದಾಗ ನಾಲ್ಕು ಹುಡುಗರ ಹೆಸರು ಹಾಕಿಸೀವಿ. ಅವರು ಆಡಂಗಿಲ್ಲ. ಯಾರಾದರೂ ಬಿದ್ದರೆ ಒಬ್ಬ 108ಕ್ಕೆ ಮಾಡಬೇಕು, ಒಬ್ಬ ಎದೆ ನೋಡಬೇಕು, ಉಳಿದಿಬ್ಬರು ಮಂದಿ ಕರಕೊಂಡು ಬೆನ್ನು ಕೊಟ್ಟು ನಿಲ್ಲಬೇಕು. ಇದನ್ನ ಹೇಳಿಕೊಡುವಾಗ ಎರಿಕ್ಸನ್ ಬಿದ್ದದ್ದನ್ನ ತೋರಿಸಲಿಲ್ಲ, ಗೋಡೆ ನಿಂತ ಫೋಟೋ ಅಷ್ಟೇ ತೋರಿಸಿದೆ. ಜೊತೆಗೆ 2024ರ ಜೂನ್ 16ರದ್ದೊಂದು: ಮುಂದಿನ ಯೂರೋದಲ್ಲಿ ಸ್ಲೊವೇನಿಯಾ ಮೇಲೆ ಗೋಲು ಹೊಡೆದು ಓಡ್ತಿರೋ ಎರಿಕ್ಸನ್. ಎದೆಯೊಳಗೆ ಸಣ್ಣ ಯಂತ್ರ ಕೂರಿಸಿಕೊಂಡು ಆಡ್ತಾನ ಅಂದ್ರ ಹುಡುಗರು ನಂಬವಲ್ರು.

ಸೆಮಿಫೈನಲ್‌ನಾಗ ಎದುರಿನ ತಂಡದ ಲಿಫ್ಟರ್ ಜಿಗಿದು ಇಳಿದವನೇ ಕಾಲು ಹಿಡಕೊಂಡು ಬಿದ್ದ. ಮೀನಖಂಡ ಹಿಡಿದಿತ್ತು ಅಷ್ಟೇ. ನಮ್ಮ ನಾಲ್ವರು ಬಾಣ ಬಿಟ್ಟಂಗ ಓಡಿದರು. ಕಣ್ಣು ಮುಚ್ಚಿ ತೆರೆಯೋದರೊಳಗೆ ಹತ್ತಾರು ಮಂದಿ ಬೆನ್ನು ಕೊಟ್ಟು ಸುತ್ತ ನಿಂತಿದ್ದರು, ದೋಸ್ತನ ಮಗನೂ ಅವರ ನಡುವೆ ಕೈ ಅಗಲಿಸಿ ನಿಂತಿದ್ದ. ಅಂಪೈರ್ ಏನಾತು ಅಂತ ನೋಡಾಕ ಬಂದರೆ ಅವರನ್ನೂ ಬಿಡವಲ್ರು. ಇಡೀ ಮೈದಾನ ನಗ್ತಿತ್ತು.

ಒಳಗಿಂದ ಲಿಫ್ಟರ್ ಒದರಾಕತ್ತಿದ್ದ: "ಏ, ಸರೀರಲೇ ಅತ್ತಾಗ! ಸತ್ತಿಲ್ಲ ನಾನು, ಸ್ಪ್ರೇ ತರ್ರಿ!"

ಒಬ್ಬನೂ ತಿರುಗಿ ನೋಡಲಿಲ್ಲ.